ಗುಲಾಮನ ಮಾತಿಗೆ ಕಿವಿಗೊಡುವವರು ಯಾರು?

ಸತ್ತ ಮೇಲಾದರೂ ಮನುಷ್ಯರೆಲ್ಲ ಸಮಾನರಾಗುತ್ತಾರೆಯೇ? ಬ್ರೆಝಿಲ್‌ನ ಉಂಬಾಂಡ ಧರ್ಮದ ಹುಟ್ಟಿನ ಕತೆಯಲ್ಲಿರುವುದು ಇದೇ ಪ್ರಶ್ನೆ.

ಅನುಯಾಯಿಗಳು ಹೇಳುವ ಕತೆ ಹೀಗಿದೆ. 1908ರ ನವೆಂಬರ್ 15ರಂದು ರಿಯೊ ಡಿ ಜನೈರೊ ಸಮೀಪದ ನಿತೆರಾಯ್ ನಗರದಲ್ಲಿ ಒಂದು ಸಭೆ ಸೇರಿತ್ತು. ಫ್ರಾನ್ಸಿನ ಅಲನ್ ಕಾರ್ಡೆಕ್‌ನ ಬೋಧನೆಯನ್ನು ನಂಬಿದವರು ಮೇಜಿನ ಸುತ್ತ ಕುಳಿತು ಸತ್ತವರ ಆತ್ಮಗಳನ್ನು ಕರೆಯುತ್ತಿದ್ದರು. ಆದರೆ ಬಂದವು ಕಪ್ಪು ಗುಲಾಮರ ಮತ್ತು ಮೂಲನಿವಾಸಿಗಳ ಆತ್ಮಗಳು. ಇವು ಹಿಂದುಳಿದ ಆತ್ಮಗಳು, ಹೊರಟುಹೋಗಲಿ ಎಂದರು ಸಭೆಯವರು. ಆಗ 17ರ ಹರೆಯದ ಝೆಲಿಯೊ ಡಿ ಮೊರಾಯಿಸ್‌ನ ಬಾಯಿಂದ ಮೂಲನಿವಾಸಿಯೊಬ್ಬನ ಆತ್ಮ ಮಾತಾಡಿ ಈ ಭೇದವನ್ನು ಪ್ರಶ್ನಿಸಿತು. ಇವರಿಗೂ ಜಾಗವಿರುವ ಪಂಥವೊಂದು ಮರುದಿನವೇ ಆರಂಭವಾಗುವುದೆಂದು ಸಾರಿತು.

ಇತಿಹಾಸಕಾರರು ಈ ಕತೆಯನ್ನು ಹಾಗೆಯೇ ಒಪ್ಪುವುದಿಲ್ಲ. ಇಂಥ ಆಚರಣೆಗಳು ಅದಕ್ಕೂ ಮೊದಲೇ ಅಲ್ಲಿದ್ದವು. ಆದರೆ ಒಂದು ಸಮುದಾಯ ತನ್ನ ಹುಟ್ಟನ್ನು ಒಂದು ಅವಮಾನದಿಂದ ಎಣಿಸಿಕೊಳ್ಳುತ್ತದೆ ಎಂಬುದೇ ಗಮನಾರ್ಹ.

ಉಂಬಾಂಡದಲ್ಲಿ ಒಬ್ಬ ಪರಮ ದೇವನಿದ್ದಾನೆ. ಪಶ್ಚಿಮ ಆಫ್ರಿಕಾದ ಯೊರುಬಾ ಜನರ ದೈವಗಳು ಕ್ಯಾಥೊಲಿಕ್ ಸಂತರೊಂದಿಗೆ ಬೆರೆತಿವೆ. ಪುನರ್ಜನ್ಮದ ನಂಬಿಕೆಯಿದೆ. ಪರೋಪಕಾರವೇ ಮುಖ್ಯ ಧರ್ಮ. ನೊಂದವರಿಗೆ ನೀಡುವ ನೆರವಿಗೆ ಹಣ ಪಡೆಯಬಾರದೆಂಬುದು ಝೆಲಿಯೊನ ಪರಂಪರೆಯ ನಿಯಮ. ಗುಲಾಮರಾಗಿ ದುಡಿದು ಸತ್ತ ಕಪ್ಪು ಅಜ್ಜ-ಅಜ್ಜಿಯರ ಆತ್ಮಗಳು ಮೈದುಂಬಿದಾಗ, ಆವೇಶಗೊಂಡವರು ಗಿಡ್ಡ ಮಣೆಯ ಮೇಲೆ ಕುಳಿತು, ಪೈಪ್ ಸೇದುತ್ತಾ, ಕಾಯಿಲೆಯವರ, ಕೆಲಸ ಕಳಕೊಂಡವರ ಕಷ್ಟ ಆಲಿಸುತ್ತಾರೆ. ಈ ಅಜ್ಜ-ಅಜ್ಜಿಯರನ್ನು ಸ್ಮರಿಸುವ ದಿನ ಮೇ 13. 1888ರಲ್ಲಿ ಬ್ರೆಝಿಲ್ ಗುಲಾಮಗಿರಿಯನ್ನು ರದ್ದುಗೊಳಿಸಿದ್ದು ಅಂದೇ.

ಆದರೆ ಕತೆ ಇಲ್ಲಿಗೆ ಮುಗಿಯುವುದಿಲ್ಲ. 1941ರಲ್ಲಿ ರಿಯೊದಲ್ಲಿ ಉಂಬಾಂಡದ ಪ್ರಥಮ ಸಮ್ಮೇಳನ ನಡೆಯಿತು. ಅಂಗೋಲಾದ ಕಿಂಬುಂಡು ಭಾಷೆಯಲ್ಲಿ 'ಉಂಬಾಂಡ' ಎಂದರೆ ರೋಗ ಗುಣಪಡಿಸುವ ವಿದ್ಯೆ. ಆದರೂ ಆ ಹೆಸರು ಸಂಸ್ಕೃತದಿಂದ ಬಂದದ್ದೆಂಬ ವಾದ ಸಮ್ಮೇಳನದಲ್ಲಿ ಮಂಡನೆಯಾಯಿತು. ಆಫ್ರಿಕಾಕ್ಕಿಂತ ಪ್ರಾಚೀನ ಭಾರತ ಹೆಚ್ಚು ಗೌರವದ ಮೂಲವಾಗಿ ಕಂಡಿತು! ಪೊಲೀಸರ ದಾಳಿಗಳಿದ್ದ ಕಾಲವದು. ಮರ್ಯಾದಸ್ಥರೆನಿಸಿಕೊಳ್ಳುವ ಒತ್ತಡ ಅರ್ಥವಾಗುತ್ತದೆ. ಆದರೂ, ಮೇಜಿನಿಂದ ಎಬ್ಬಿಸಲ್ಪಟ್ಟವರ ಪರವಾಗಿ ಹುಟ್ಟಿದ ಪಂಥವೇ ಅವರ ನೆಲವನ್ನು ಮರೆಮಾಚಲು ಹೊರಟಿತಲ್ಲವೇ?

ಸತ್ತವರು ಮಾತಾಡುತ್ತಾರೆಂಬುದನ್ನು ನಾವು ಒಪ್ಪಬೇಕಾಗಿಲ್ಲ. ಆದರೆ ಒಂದು ಮಾತನ್ನು ಯೋಚಿಸಬೇಕು. ಸತ್ತ ಗುಲಾಮ ಎಲ್ಲವನ್ನೂ ಕ್ಷಮಿಸಿದ ಸೌಮ್ಯ ಅಜ್ಜ. ಅವನನ್ನು ಗೌರವಿಸುವುದು ಸುಲಭ. ಅವನ ಬದುಕಿರುವ ಮೊಮ್ಮಗ ಕೂಲಿ ಕೇಳುತ್ತಾನೆ, ನ್ಯಾಯ ಕೇಳುತ್ತಾನೆ, ಕೆಲವೊಮ್ಮೆ ಸಿಟ್ಟಾಗುತ್ತಾನೆ. ಅವನಿಗೆ ಮೇಜಿನ ಬಳಿ ಜಾಗ ಕೊಟ್ಟಾಗಲೇ ಅಜ್ಜನಿಗೆ ಸಲ್ಲಿಸಿದ ಗೌರವ ನಿಜವಾಗುವುದು.