ತೆಂಬರೆ ಹಿಡಿದವಳ ಹೆಸರೇನು?

ಉಡುಪಿಯಲ್ಲಿ ಯಾರನ್ನಾದರೂ ನಿಲ್ಲಿಸಿ ‘ನಿಮ್ಮ ಸೀಮೆಯ ದೊಡ್ಡ ಚಿತ್ರಕಾರ ಯಾರು’ ಎಂದು ಕೇಳಿ. ಕಟ್ಟಿಂಗೇರಿ ಕೃಷ್ಣ ಹೆಬ್ಬಾರರ ಹೆಸರು ತಡವಿಲ್ಲದೆ ಬರುತ್ತದೆ. 1911ರಲ್ಲಿ ಇಲ್ಲೇ ಹತ್ತಿರದ ಕಟ್ಟಿಂಗೇರಿಯಲ್ಲಿ ಹುಟ್ಟಿ ಮುಂಬೈಯಲ್ಲಿ ಬೆಳಗಿದವರು ಎಂಬ ಹೆಮ್ಮೆಯೂ ಜೊತೆಗೆ ಬರುತ್ತದೆ. ಮರುಪ್ರಶ್ನೆಯಾಗಿ ‘ಹೆಂಗಸರಲ್ಲಿ ಯಾರು’ ಎಂದು ಕೇಳಿದರೆ ಮಾತು ತಡವರಿಸುತ್ತದೆ. ಅದೇ ಹೆಬ್ಬಾರರ ಮಗಳು ರೇಖಾ ರಾವ್ ದಶಕಗಳಿಂದ ಚಿತ್ರ ಬರೆದವರು ಎಂಬುದು ಕೂಡ ಎಷ್ಟೋ ಜನರ ನೆನಪಿಗೆ ಬರುವುದಿಲ್ಲ. ಸ್ವಲ್ಪ ಒತ್ತಾಯಿಸಿದರೆ ಸಿಗುವ ಉತ್ತರಗಳು ಎರಡು. ‘ಆ ಕಾಲದಲ್ಲಿ ಹೆಂಗಸರು ಅದನ್ನೆಲ್ಲ ಎಲ್ಲಿ ಮಾಡ್ತಿದ್ರು ಮಾರಾಯ್ರೆ’ ಎಂಬುದು ಒಂದು. ‘ಮಾಡ್ತಿದ್ರು, ಆದರೆ ಹೆಸರು ಬೇಕು ಅಂತ ಮಾಡಿದ್ದಲ್ಲ’ ಎಂಬುದು ಇನ್ನೊಂದು.

ಕಲೆಯ ಚರಿತ್ರೆ ಹೆಣ್ಣನ್ನು ಮರೆತದ್ದು ಈ ಎರಡು ಉತ್ತರಗಳ ಬಲದಿಂದಲೇ. ಮೊದಲನೆಯದು ಅರ್ಧ ಸುಳ್ಳು. ಎರಡನೆಯದು ನೋಡಲು ವಿನಯದಂತಿದೆ, ಆದರೆ ಹೆಚ್ಚು ಅಪಾಯ ಇರುವುದು ಅದರಲ್ಲೇ.

‘ಎಲ್ಲಿದ್ದರು’ ಎಂಬ ಪ್ರಶ್ನೆಯನ್ನು 1971ರಲ್ಲಿ ಅಮೆರಿಕದ ಕಲಾ ಇತಿಹಾಸಕಾರ್ತಿ ಲಿಂಡಾ ನಾಕ್ಲಿನ್ ನೇರವಾಗಿಯೇ ಎತ್ತಿಕೊಂಡರು. ಮಹಾನ್ ಕಲಾವಿದೆಯರು ಯಾಕಿಲ್ಲ ಎಂದು ಕೇಳಿ, ಕೊರತೆ ಇದ್ದದ್ದು ಪ್ರತಿಭೆಯಲ್ಲಲ್ಲ, ಕಲಿಯುವ ಜಾಗದಲ್ಲಿ ಎಂದು ತೋರಿಸಿದರು. ಯುರೋಪಿನ ಕಲಾಶಾಲೆಗಳಲ್ಲಿ ನಗ್ನ ಮಾದರಿಯನ್ನು ನೋಡಿ ಚಿತ್ರ ಬರೆಯುವುದೇ ತರಬೇತಿಯ ತಳಹದಿ. ಆ ಕೋಣೆಗೆ ಹೆಣ್ಣುಮಕ್ಕಳಿಗೆ ಬಹುಕಾಲ ಪ್ರವೇಶವಿರಲಿಲ್ಲ. ಕಲಿಯಲು ಬಿಡದೆ ‘ನಿನಗೆ ಬರುವುದಿಲ್ಲ’ ಎಂದರು. ಕಲಾ ಇತಿಹಾಸಕಾರ ಗೊಂಬ್ರಿಚ್ 1950ರಲ್ಲಿ ಪ್ರಕಟಿಸಿದ ಜಗತ್ಪ್ರಸಿದ್ಧ ಕಲಾ ಚರಿತ್ರೆಯ ಮೊದಲ ಆವೃತ್ತಿಯಲ್ಲಿ ಒಬ್ಬ ಕಲಾವಿದೆಯ ಹೆಸರೂ ಇರಲಿಲ್ಲ.

ನಾಕ್ಲಿನ್ ಗಮನಿಸಿದ ಇನ್ನೊಂದು ಸಂಗತಿ ನಮಗೆ ಹೆಚ್ಚು ಹತ್ತಿರದ್ದು. ಹೇಗೋ ದಾರಿ ಮಾಡಿಕೊಂಡ ಕಲಾವಿದೆಯರಲ್ಲಿ ಬಹುಪಾಲು ಕಲಾವಿದರ ಮನೆಯ ಹೆಣ್ಣುಮಕ್ಕಳು. ಇಟಲಿಯ ಆರ್ಟೆಮಿಸಿಯಾ ಜೆಂಟಿಲೆಸ್ಕಿಗೆ ಕುಂಚ ಹಿಡಿಸಿದವನು ತಂದೆ ಒರಾಜಿಯೊ. ರಾಜಾ ರವಿವರ್ಮನ ತಂಗಿ ಮಂಗಳಾಬಾಯಿ ತಂಬುರಾಟ್ಟಿ ಅಣ್ಣನ ಭಾವಚಿತ್ರವನ್ನೇ ಬರೆದವರು. ಮಣಿಪಾಲದ ಹಸ್ತಶಿಲ್ಪ ಪರಂಪರಾ ಗ್ರಾಮದಲ್ಲಿ ರವಿವರ್ಮನ ಚಿತ್ರಗಳ ಮುಂದೆ ನಿಲ್ಲುವವರಲ್ಲಿ ಎಷ್ಟು ಮಂದಿಗೆ ಆ ತಂಗಿಯ ಹೆಸರು ಗೊತ್ತು? ತೆಂಕುತಿಟ್ಟು ಯಕ್ಷಗಾನದ ಮೊದಲ ವೃತ್ತಿಪರ ಮಹಿಳಾ ಭಾಗವತರಾದ ಲೀಲಾವತಿ ಬೈಪಾಡಿತ್ತಾಯರ ಪತಿ ಹರಿನಾರಾಯಣ ಬೈಪಾಡಿತ್ತಾಯರು ಹಿಮ್ಮೇಳದ ಕಲಾವಿದರು. ಊರೂರು ಸುತ್ತುತ್ತ ರಾತ್ರಿಯಿಡೀ ಜಾಗಟೆ ಹಿಡಿದು ಕೂರುವ ಮೇಳದ ಬದುಕಿಗೆ ಒಂಟಿ ಹೆಣ್ಣು ಹೋಗಲು ಆ ಕಾಲದ ಕರಾವಳಿ ಬಿಡುತ್ತಿರಲಿಲ್ಲ. ಬಾಗಿಲು ತೆರೆದದ್ದು ಮನೆಯ ಒಳಗಿನಿಂದ.

ಮನೆಯ ನಂಟಿಲ್ಲದೆ ಹೊರಟವರ ದಾರಿ ಇನ್ನೂ ದುರ್ಗಮ. ತಿರುಮಕೂಡಲು ನರಸೀಪುರದಲ್ಲಿ 1942ರಲ್ಲಿ ಹುಟ್ಟಿದ ಕನಕಾ ಮೂರ್ತಿ ಕಲ್ಲು ಕೆತ್ತಲು ಕಲಿತದ್ದು ಕುಂದಾಪುರ ಸೀಮೆಯ ಊರನ್ನು ಹೆಸರಿನಲ್ಲೇ ಹೊತ್ತ ದೇವಲಕುಂದ ವಾದಿರಾಜರ ಬಳಿ. ಶಿಲ್ಪ ಕುಲಕಸುಬಾಗಿ, ಗಂಡುಕಸುಬಾಗಿ ಉಳಿದಿದ್ದ ನಾಡಿನಲ್ಲಿ ಉಳಿ ಹಿಡಿದು, ರಾಜ್ಯದ ಜಕಣಾಚಾರಿ ಪ್ರಶಸ್ತಿ ಪಡೆದ ಮೊದಲ ಮಹಿಳೆಯಾಗಿ, 2021ರ ಮೇ ತಿಂಗಳಲ್ಲಿ ಅವರು ತೀರಿಕೊಂಡರು. ಹಾಗಾಗಿ ‘ಇರಲಿಲ್ಲ’ ಎಂಬ ಮಾತು ನಿಲ್ಲುವುದಿಲ್ಲ. ಇದ್ದರು, ಬಾಗಿಲು ಎಷ್ಟು ತೆರೆದಿತ್ತೋ ಅಷ್ಟು ಮಂದಿ.

ಆದರೆ ಇಷ್ಟಕ್ಕೇ ನಿಂತರೆ ನಾವು ಮಾಡಿದ್ದು ಹಳೆಯ ಪಟ್ಟಿಗೆ ನಾಲ್ಕು ಹೆಸರು ಸೇರಿಸಿದಷ್ಟೇ. ಸಹಿ ಇರುವ ಕೃತಿ, ಬಹುಕಾಲ ಬಾಳುವ ವಸ್ತು, ನಡುರಂಗದಲ್ಲಿ ನಿಂತ ಒಬ್ಬ ವ್ಯಕ್ತಿ, ಇವೇ ಕಲೆಯ ಗುರುತು ಎಂಬ ಅಳತೆಗೋಲು ಹಾಗೇ ಉಳಿಯುತ್ತದೆ. ಆ ಕೋಲಿನಿಂದ ಅಳೆದರೆ ತುಳುನಾಡಿನ ಬಹುದೊಡ್ಡ ಕಲಾವಿದೆಯರು ಕಣ್ಣಿಗೇ ಬೀಳುವುದಿಲ್ಲ.

ದೈವಾರಾಧನೆಯ ಒಂದು ಕೋಲದ ರಾತ್ರಿಯನ್ನು ನೋಡಿ. ಎಣ್ಣೆಬೂಳ್ಯ ಪಡೆದ, ದೈವ ಕಟ್ಟುವ ಪಾಣಾರನೋ ನಲಿಕೆಯವನೋ ಸ್ನಾನ ಮುಗಿಸಿ ಬಂದು ಬಣ್ಣಕ್ಕೆ ಕೂರುತ್ತಾನೆ. ಕೈಯಲ್ಲಿ ಪುಟ್ಟ ಕನ್ನಡಿ, ಮುಖಕ್ಕೆ ಅರದಾಳದ ಹಳದಿ. ಪಕ್ಕದಲ್ಲಿ ಅವನ ತಾಯಿಯೋ ಹೆಂಡತಿಯೋ ಅಕ್ಕನೋ ತೆಂಬರೆ ಎಂಬ ಪುಟ್ಟ ಚರ್ಮವಾದ್ಯ ಹಿಡಿದು ದೈವದ ಕಥೆಯ ಹಾಡಾದ ಪಾಡ್ದನ ಹೇಳಲು ತೊಡಗುತ್ತಾಳೆ. ದೈವ ಹುಟ್ಟಿದ್ದೆಲ್ಲಿ, ಯಾವ ದಾರಿಯಾಗಿ ಇಳಿದು ಬಂತು, ಯಾವ ಬೀಡಿನ ಯಜಮಾನನಿಗೆ ಕಾಣಿಸಿಕೊಂಡಿತು, ಯಾವ ಗ್ರಾಮದಲ್ಲಿ ನೆಲೆ ಕೇಳಿತು, ಎಲ್ಲವೂ ಅವಳ ಬಾಯಲ್ಲಿದೆ. ಬಣ್ಣಗಾರಿಕೆ ಎಳೆದಷ್ಟು ಹೊತ್ತು ಕಥೆ ಎಳೆಯಬೇಕು, ಬೇಗ ಮುಗಿದರೆ ಎಳೆ ಕಡಿಯದಂತೆ ಮೊಟಕಾಗಬೇಕು. ಮುಂದೆ ಪುಸ್ತಕವಿಲ್ಲ, ಚೀಟಿಯಿಲ್ಲ. ಆ ಊರಿನಲ್ಲಿ ದೈವಕ್ಕೆ ಇರುವ ಹಕ್ಕಿನ ದಾಖಲೆಯೇ ಆ ಹಾಡು. ಆಮೇಲೆ ಗಗ್ಗರ ಕಟ್ಟಿ, ಅಣಿ ಏರಿಸಿ ಅವನು ಎದ್ದು ನಿಂತಾಗ ಸುತ್ತಲಿನ ಮೊಬೈಲುಗಳೂ ಏಳುತ್ತವೆ. 2022ರಲ್ಲಿ ‘ಕಾಂತಾರ’ ಸಿನಿಮಾ ಬಂದ ಮೇಲೆ ಆ ಮುಖವರ್ಣಿಕೆ, ಆ ಕೂಗು ದೇಶಕ್ಕೆಲ್ಲ ಪರಿಚಿತವಾದವು. ಆದರೆ ಫೋಟೋದ ಚೌಕಟ್ಟಿನಲ್ಲಿ ತೆಂಬರೆ ಹಿಡಿದವಳು ಸಿಕ್ಕಿದ್ದು ಅಪರೂಪ, ಸಿಕ್ಕರೂ ಅರ್ಧ ಭುಜವಷ್ಟೇ.

ಇಲ್ಲಿ ಎರಡನೆಯ ಉತ್ತರ ತಲೆಹಾಕುತ್ತದೆ. ಇದು ದೈವದ ಚಾಕರಿ, ಹೆಸರಿಗಾಗಿ ಮಾಡುವುದಲ್ಲ ಎನ್ನುತ್ತಾರೆ. ಈ ಮಾತಿಗೆ ವಿದ್ವತ್ತಿನ ಬೆಂಬಲವೂ ಇದೆ. ಭಾರತೀಯ ಶಿಲ್ಪಿ ತನ್ನನ್ನು ಅಳಿಸಿಕೊಂಡು ಕೃತಿಯಲ್ಲಿ ಲೀನವಾಗುತ್ತಾನೆ, ಅನಾಮಿಕತೆ ಅವನ ಸಾಧನೆಯ ಭಾಗ ಎಂದು ಆನಂದ ಕುಮಾರಸ್ವಾಮಿ ಬರೆದರು. ಚಂದದ ಮಾತು. ಆದರೆ ನಮ್ಮದೇ ಕಲ್ಲುಗಳು ಅದಕ್ಕೆ ಪೂರ್ತಿ ಒಪ್ಪುವುದಿಲ್ಲ. ಬೇಲೂರಿನಲ್ಲಿ ಬಳ್ಳಿಗಾವೆಯ ದಾಸೋಜನ ಹೆಸರೂ ಅವನ ಮಗ ಚಾವಣನ ಹೆಸರೂ ಕೆತ್ತಿವೆ. ಸೋಮನಾಥಪುರದಲ್ಲಿ ಮಲ್ಲಿತಮ್ಮ ಮತ್ತೆ ಮತ್ತೆ ತನ್ನ ಹೆಸರು ಬಿಟ್ಟುಹೋಗಿದ್ದಾನೆ. ಭಕ್ತಿಗೆ ಹೆಸರು ಅಡ್ಡಿ ಎಂದು ಅವರಿಗೆ ಅನ್ನಿಸಿರಲಿಲ್ಲ.

ನಮ್ಮ ಭಕ್ತಿ ಪರಂಪರೆಯೇ ಇದಕ್ಕೆ ಇನ್ನೂ ಗಟ್ಟಿ ಸಾಕ್ಷಿ. ಅಹಂಕಾರ ಕಳೆದುಕೊಳ್ಳಲು ಹೊರಟ ಶರಣೆಯರೂ ಅಂಕಿತ ಇಟ್ಟುಕೊಂಡರು. ಸೂಳೆ ಸಂಕವ್ವೆಯ ಒಂದೇ ಒಂದು ವಚನ ಉಳಿದಿದೆ. ಅದು ಅವಳದೆಂದು ಇವತ್ತು ನಮಗೆ ಗೊತ್ತಾಗುವುದು ನಿರ್ಲಜ್ಜೇಶ್ವರ ಎಂಬ ಅಂಕಿತದಿಂದ. ಉಡುಪಿಯ ಭಜನಾ ಮಂಡಳಿಗಳ ಹೆಂಗಸರು ಹಾಡುವ ಹರಪನಹಳ್ಳಿ ಭೀಮವ್ವನ ಹಾಡುಗಳು ‘ಭೀಮೇಶಕೃಷ್ಣ’ ಎಂಬ ಅಂಕಿತದ ನೆರಳಿನಲ್ಲಿ ಉಳಿದು ಬಂದವು. ಅಂಕಿತ ದೇವರ ಹೆಸರೇ ಆದರೂ ಕೆಲಸ ಮಾಡಿದ್ದು ಕವಿಯ ಸಹಿಯಾಗಿ. ಕನ್ನಡ ಸಾಹಿತ್ಯ ಚರಿತ್ರೆಯಲ್ಲಿ ಹೆಣ್ಣಿನ ಹೆಸರು ಇಷ್ಟಾದರೂ ಉಳಿದಿದ್ದರೆ ಅದಕ್ಕೆ ಈ ಪದ್ಧತಿಯೇ ಮುಖ್ಯ ಕಾರಣ. ಗೋಡೆಗೆ ಶೇಡಿಮಣ್ಣಿನ ಚಿತ್ತಾರ ಬರೆದವಳಿಗೆ, ಗದ್ದೆಯಲ್ಲಿ ಹಾಡಿದವಳಿಗೆ, ತೆಂಬರೆ ಹಿಡಿದವಳಿಗೆ ಅಂತಹ ಪದ್ಧತಿ ಇರಲಿಲ್ಲ. ಆದ್ದರಿಂದ ‘ಅವಳು ಹೆಸರು ಬಯಸಲಿಲ್ಲ’ ಎಂಬುದನ್ನು ಅವಳ ಮಾತೆಂದು ಒಪ್ಪುವ ಮೊದಲು ಅವಳನ್ನು ಯಾರಾದರೂ ಕೇಳಿದ್ದರೇ ಎಂದು ನೋಡಬೇಕು. ಕೇಳದೆ ಹೊರಿಸಿದ ವಿನಯ ಅವಳ ಗುಣವಲ್ಲ, ನಮ್ಮ ಅನುಕೂಲ.

ಕೇಳಿದಾಗ ಏನಾಗುತ್ತದೆ ಎಂಬುದಕ್ಕೂ ಇಲ್ಲೇ ನಿದರ್ಶನವಿದೆ. ಮಂಗಳೂರಿನ ಬಾಸೆಲ್ ಮಿಶನ್ ಮುದ್ರಣಾಲಯದಿಂದ 1886ರಲ್ಲಿ ಬಂದ ‘ಪಾಡ್ದನೊಳು’ ಸಂಕಲನವನ್ನು ನಾವು ಇವತ್ತಿಗೂ ಮ್ಯಾನರ್ ಅವರ ಪುಸ್ತಕ ಎಂದೇ ನೆನೆಯುತ್ತೇವೆ, ಅಂದರೆ ಸಂಗ್ರಹಿಸಿದವರ ಹೆಸರಿನಿಂದ. ಶತಮಾನ ಕಳೆದ ಮೇಲೆ, 1990ರ ಡಿಸೆಂಬರಿನಲ್ಲಿ, ಫಿನ್ಲೆಂಡಿನ ಜಾನಪದ ವಿದ್ವಾಂಸ ಲೌರಿ ಹೊಂಕೊ ಅವರ ತಂಡ ಇಲ್ಲಿನ ವಿದ್ವಾಂಸರಾದ ವಿವೇಕ ರೈ, ಚಿನ್ನಪ್ಪ ಗೌಡರ ಜೊತೆ ಸೇರಿ ತುಳುವಿನ ಸಿರಿ ಮಹಾಕಾವ್ಯವನ್ನು ಗೋಪಾಲ ನಾಯ್ಕರ ಬಾಯಿಂದ ಧ್ವನಿಮುದ್ರಿಸಿಕೊಂಡಿತು. 15,683 ಸಾಲುಗಳ ಆ ಕಾವ್ಯ 1998ರಲ್ಲಿ ಅಚ್ಚಾದಾಗ ಶೀರ್ಷಿಕೆಯಲ್ಲೇ ಹಾಡಿದವರ ಹೆಸರಿತ್ತು. ಜನಪದ ಎಂದರೆ ಅನಾಮಿಕ ಎಂಬ ನಂಬಿಕೆಗೆ ಅದು ದೊಡ್ಡ ಪೆಟ್ಟು. ಹೆಸರು ಇರುವುದೂ ಇಲ್ಲದಿರುವುದೂ ಹಾಡಿನ ಸ್ವಭಾವವಲ್ಲ, ಬರೆದುಕೊಳ್ಳುವವರ ತೀರ್ಮಾನ ಎಂದು ಅಲ್ಲಿ ಖಚಿತವಾಯಿತು.

ಅದೇ ಸಿರಿಯ ಕಥೆಯ ಇನ್ನೊಂದು ಮುಖ ನೋಡಿ. ಸತ್ಯನಾಪುರದ ಅರಮನೆಗೆ ಹಕ್ಕುದಾರಳಾದ ಸಿರಿ, ತನಗೆಂದು ತಂದ ಸೀರೆಯನ್ನು ಗಂಡ ಕಾಂತು ಪೂಂಜ ಮೊದಲು ಸೂಳೆಗೆ ಉಡಿಸಿದನೆಂದು ಆ ಸೀರೆಯನ್ನು ನಿರಾಕರಿಸುತ್ತಾಳೆ, ಕೊನೆಗೆ ಆ ಸಂಬಂಧವನ್ನೇ ಕಡಿದುಕೊಂಡು ಹೊರಡುತ್ತಾಳೆ. ನೇಜಿ ನೆಡುವ ಹೆಂಗಸರು ತಲೆಮಾರುಗಳಿಂದ ಗದ್ದೆಯಲ್ಲಿ ಹಾಡುತ್ತ ಬಂದ ಕಥೆ ಇದು. ನಂದಳಿಕೆ, ಹಿರಿಯಡ್ಕ, ಕವತ್ತಾರುಗಳ ಸಿರಿ ಜಾತ್ರೆಯಲ್ಲಿ ಹೆಂಗಸರೇ ಸಿರಿಯಾಗಿ ಮೈದುಂಬುವ ಕಥೆ. ಹೆಣ್ಣಿನ ಹಕ್ಕನ್ನು ಹೆಣ್ಣೇ ಹಾಡಿ ಉಳಿಸಿದ ಕಾವ್ಯದಲ್ಲಿ ನಮಗೆ ಹೆಸರು ಹೇಳಿ ಗುರುತಿಸಲು ಬರುವುದು ಒಬ್ಬ ಗಂಡು ಗಾಯಕರನ್ನು. ಗೋಪಾಲ ನಾಯ್ಕರಿಗೆ ಸಂದದ್ದು ನ್ಯಾಯವೇ. ಆ ನ್ಯಾಯ ಗದ್ದೆಯ ಬದು ದಾಟಿ ನೇಜಿಯವರೆಗೆ ಹೋಗಲಿಲ್ಲ ಎಂಬುದಷ್ಟೇ ತಕರಾರು.

ಈ ವಾದಕ್ಕೆ ಗಂಭೀರವಾದ ಆಕ್ಷೇಪವೊಂದಿದೆ. ಹೆಸರಿಲ್ಲದೆ ಹೋದವರಲ್ಲಿ ಗಂಡಸರೂ ಇಲ್ಲವೇ? ಆದಿ ಉಡುಪಿಯ ವಾರದ ಸಂತೆಯಲ್ಲಿ ಕುಡುಪು, ತಡಪೆ ಕೊಳ್ಳುವಾಗ ಬೀಳು ಹೆಣೆದ ಕೊರಗ ಗಂಡಸಿನ ಹೆಸರನ್ನು ಯಾರು ಕೇಳುತ್ತಾರೆ? ಕೋಲ ಕಟ್ಟುವವನನ್ನು ಕೂಡ ನಿನ್ನೆ ಮೊನ್ನೆಯವರೆಗೆ ಜಾತಿಯ ಹೆಸರಿನಿಂದಲೇ ಕರೆಯುತ್ತಿರಲಿಲ್ಲವೇ? ನಿಜ. ನಮ್ಮಲ್ಲಿ ಹೆಸರು ಅಳಿಸಿದ ಮೊದಲ ಕೈ ಜಾತಿಯದು. ಪಾಶ್ಚಾತ್ಯ ಸ್ತ್ರೀವಾದಿ ಕಲಾಚರಿತ್ರೆಯನ್ನು ಹಾಗೇ ತಂದು ಇಲ್ಲಿ ಹೊಂದಿಸಿದರೆ ಈ ಸತ್ಯ ಜಾರಿಹೋಗುತ್ತದೆ. ಆದರೆ ಆಕ್ಷೇಪ ಅಲ್ಲಿಗೆ ಮುಗಿಯಬಾರದು. ಕಾಲ ಬದಲಾಗಿ ಕೋಲದ ಕಲಾವಿದನಿಗೆ ಸನ್ಮಾನ, ಅಕಾಡೆಮಿ ಪ್ರಶಸ್ತಿಗಳು ಸಿಗತೊಡಗಿದಾಗ ಅದೇ ಚಪ್ಪರದಲ್ಲಿ ಪಕ್ಕದಲ್ಲೇ ಕೂತವಳು ಮತ್ತೆ ಹಿಂದುಳಿದಳು. ಜಾತಿಯ ಬಾಗಿಲು ತುಸು ತೆರೆದಾಗಲೂ ಮೊದಲು ದಾಟಿದವನು ಗಂಡು. ಎರಡು ಪರದೆಗಳ ಹಿಂದೆ ಕೂತವಳಿಗೆ ಒಂದು ಪರದೆ ಸರಿದರೆ ಸಾಲದು.

ಎಲ್ಲವನ್ನೂ ಕಲೆ ಎಂದು ಕರೆದರೆ ಶ್ರೇಷ್ಠತೆಗೆ ಬೆಲೆ ಏನು ಎಂಬುದು ಇನ್ನೊಂದು ಆಕ್ಷೇಪ. ಇದನ್ನು ನಾನು ತಳ್ಳಿಹಾಕುವುದಿಲ್ಲ, ಒಪ್ಪಿಕೊಂಡೇ ಮುಂದೆ ಹೋಗುತ್ತೇನೆ. ಹೆಣ್ಣು ಮಾಡಿದ್ದೆಲ್ಲ ಮಹತ್ತಾದದ್ದು ಎಂಬ ಹೊಗಳಿಕೆಯಲ್ಲಿ ಗೌರವವಿಲ್ಲ. ಯಕ್ಷಗಾನದ ರಸಿಕರು ಕಾಳಿಂಗ ನಾವಡರ ಏರುಶ್ರುತಿಯ ಬಗ್ಗೆ, ಬಲಿಪರ ಶೈಲಿಯ ಬಗ್ಗೆ ಜಗಳವಾಡುತ್ತಾರೆ. ಆ ಜಗಳವೇ ಯಕ್ಷಗಾನದ ವಿಮರ್ಶೆಯನ್ನು ಬೆಳೆಸಿತು. ಪಾಡ್ದನ ಹೇಳುವ ಇಬ್ಬರು ಹೆಂಗಸರಲ್ಲಿ ಯಾರ ನಿರೂಪಣೆ ಬಿಗಿ, ಯಾರದು ಸಡಿಲ, ಯಾರು ಕಥೆಯ ಎಳೆಯನ್ನು ಬಿಟ್ಟುಬಿಟ್ಟರು ಎಂದು ನಾವು ಎಂದಾದರೂ ಚರ್ಚಿಸಿದ್ದೇವೆಯೇ? ಹೋಲಿಸುವಷ್ಟು ಗಮನವಿಟ್ಟು ಕೇಳಿಲ್ಲ, ಅದಕ್ಕೇ ಎಲ್ಲರೂ ನಮಗೆ ಒಂದೇ. ‘ಇವತ್ತು ಚೆನ್ನಾಗಿ ಬರಲಿಲ್ಲ’ ಎಂದು ಹೇಳಿಸಿಕೊಳ್ಳುವುದೂ ಕಲಾವಿದೆಯ ಹಕ್ಕು.

ಇನ್ನೊಂದು ಎಚ್ಚರವೂ ಬೇಕು. ಭದ್ರಾವತಿಯಲ್ಲಿ ಹುಟ್ಟಿದ ಕಲಾವಿದೆ ಶೀಲಾ ಗೌಡ ಸೆಗಣಿ, ಕುಂಕುಮ, ಸೂಜಿ, ದಾರಗಳನ್ನೇ ಸಾಮಗ್ರಿಯಾಗಿ ತೆಗೆದುಕೊಂಡು ಜಗತ್ತಿನ ಗ್ಯಾಲರಿಗಳವರೆಗೆ ಒಯ್ದರು. ಅಂಗಳ ಸಾರಿಸುವ, ಹೊಲಿಯುವ ಕೈಯ ದುಡಿಮೆಯನ್ನು ಅಲ್ಲಿ ನೋಡದೆ ಇರಲು ಸಾಧ್ಯವಿಲ್ಲದಂತೆ ಮಾಡಿದ್ದು ಅವರ ಸಾಧನೆ. ಅದನ್ನು ಮೆಚ್ಚಿದವರು ಮನೆಗೆ ಬಂದು ತಮ್ಮದೇ ಅಂಗಳ ಸಾರಿಸಿದವಳನ್ನು ‘ಕೆಲಸದವಳು’ ಎಂದಷ್ಟೇ ಕಂಡರೆ, ಸಾಮಗ್ರಿಗೆ ಮರ್ಯಾದೆ ಸಿಕ್ಕಿತು, ಕೈಗೆ ಸಿಗಲಿಲ್ಲ ಎಂದೇ ಅರ್ಥ.

ಕಲಾ ಚರಿತ್ರೆಯನ್ನು ತಿದ್ದಲು ವಿಶ್ವವಿದ್ಯಾಲಯಗಳೇ ಬರಬೇಕೆಂದಿಲ್ಲ. ನಮ್ಮೂರಿನ ನೇಮದ ಆಮಂತ್ರಣ ಪತ್ರಿಕೆಯಲ್ಲಿ ಆಡಳಿತ ಮೊಕ್ತೇಸರರಿಂದ ಹಿಡಿದು ಅನ್ನಸಂತರ್ಪಣೆಯ ಸೇವಾಕರ್ತರವರೆಗೆ ಎಲ್ಲರ ಹೆಸರಿಗೂ ಜಾಗವಿದೆ. ಜೀರ್ಣೋದ್ಧಾರ ಸಮಿತಿಯಲ್ಲಿರುವವರಲ್ಲಿ ನನ್ನದೊಂದು ವಿನಂತಿ. ಮುಂದಿನ ಪತ್ರಿಕೆ ಅಚ್ಚಿಗೆ ಹೋಗುವ ಮೊದಲು ಪಾಡ್ದನ ಹೇಳುವವರ ಮನೆಗೆ ಹೋಗಿ, ‘ನಿಮ್ಮ ಹೆಸರು ಹಾಕಬಹುದೇ ಅಮ್ಮ’ ಎಂದು ಕೇಳಿ. ಬೇಡ ಎಂದರೆ ಬಿಡಿ. ಹೂಂ ಎಂದರೆ ಅವರು ಹೇಳಿದ ಹಾಗೆ, ಅವರ ಪೂರ್ತಿ ಹೆಸರನ್ನು ಬರೆದುಕೊಳ್ಳಿ. ಕೊಡುವ ಸಂಭಾವನೆಯನ್ನೂ ಅವರ ಕೈಗೇ ಕೊಡಿ.