ಮೌನವೂ ಅಸತ್ಯವಾಗುವ ಸಂದರ್ಭ

ಆಪ್ತಮಿತ್ರರಲ್ಲಿ ಸುಳ್ಳು ಸಲ್ಲದೆಂಬುದನ್ನು ಎಲ್ಲರೂ ಒಪ್ಪುವರು. ಆದರೆ ಮಿತ್ರನು ತಿಳಿಯಲೇಬೇಕಾದುದನ್ನು ಹೇಳದೆ ಸುಮ್ಮನಿರುವುದು ಸತ್ಯವೇ, ಅಸತ್ಯವೇ? ಶಿವಾಜಿನಗರ, ಹಲಸೂರುಗಳ ಪೇಟೆಬೀದಿಗಳಲ್ಲಿ ವ್ಯಾಪಾರ ಮಾಡುವವರಿಗೆ ಈ ಪ್ರಶ್ನೆ ಹೊಸದಲ್ಲ. ಮಿತ್ರನು ಒಬ್ಬರೊಡನೆ ಪಾಲುದಾರಿಕೆಗೆ ಸಿದ್ಧನಾಗಿರುತ್ತಾನೆ. ಆ ವ್ಯಕ್ತಿ ಕೊಟ್ಟ ಚೆಕ್ಕುಗಳು ಹಿಂದಿರುಗಿದ್ದುದು ನಮಗೆ ತಿಳಿದಿರುತ್ತದೆ. ‘ನಮಗೇಕೆ ಈ ಉಸಾಬರಿ’ ಎಂದು ಸುಮ್ಮನಾಗುತ್ತೇವೆ. ಸುಳ್ಳಾಡಲಿಲ್ಲವೆಂಬ ಸಮಾಧಾನವೂ ನಮಗುಂಟು.

1872ರ ಭಾರತೀಯ ಕರಾರು ಕಾಯಿದೆಯ 17ನೆಯ ಪ್ರಕರಣದಲ್ಲಿ ಇದಕ್ಕೊಂದು ನಿದರ್ಶನವಿದೆ. ದೋಷವುಳ್ಳ ಕುದುರೆಯನ್ನು ಹರಾಜಿನಲ್ಲಿ ಮಾರುವವನು ದೋಷವನ್ನು ಹೇಳದಿದ್ದರೆ ಅದು ವಂಚನೆಯಲ್ಲ. ಆದರೆ ಕೊಳ್ಳುವವಳು ಆಗತಾನೇ ವಯಸ್ಕಳಾದ ಅವನ ಮಗಳೇ ಆಗಿದ್ದರೆ, ಆ ಸಂಬಂಧದಿಂದಲೇ ಹೇಳುವುದು ಅವನ ಕರ್ತವ್ಯವಾಗುತ್ತದೆ. ಕಾಯಿದೆ ಮಿತ್ರರನ್ನು ಹೆಸರಿಸಿಲ್ಲ. ಧರ್ಮವು ಅವರನ್ನು ಬಿಟ್ಟಿಲ್ಲ.

ತತ್ತ್ವಾರ್ಥಸೂತ್ರದ 7ನೆಯ ಅಧ್ಯಾಯವು ಸತ್ಯಾಣುವ್ರತಕ್ಕೆ 5 ಅತಿಚಾರಗಳನ್ನು ಹೇಳುತ್ತದೆ. ಅವುಗಳಲ್ಲಿ ನ್ಯಾಸಾಪಹಾರ ಒಂದು. ನಂಬಿ ಹಣವಿಟ್ಟವನು ಲೆಕ್ಕ ಮರೆತು ಕಡಿಮೆ ಕೇಳಿದಾಗ ‘ಆಗಲಿ’ ಎಂದು ಅಷ್ಟನ್ನೇ ಕೊಡುವುದು ಅದು. ನೋಟಕ್ಕೆ ಇದು ಕಳವು; ಆದರೂ ಶಾಸ್ತ್ರಕಾರರು ಇದನ್ನು ಅಸತ್ಯದ ಸಾಲಿಗೆ ಸೇರಿಸಿದರು. ಇನ್ನೊಬ್ಬನ ಅರಿಯದಿಕೆಯನ್ನು ತಿದ್ದದಿರುವುದೂ ಅಸತ್ಯವೆಂಬುದು ಇದರ ತಾತ್ಪರ್ಯ. ಮಿತ್ರನ ಹಿತಕ್ಕೆ ಸಂಬಂಧಿಸಿದ ವಿಷಯವೂ ನಮ್ಮಲ್ಲಿರುವ ಅವನ ನ್ಯಾಸವೇ ಅಲ್ಲವೆ?

10ನೆಯ ಶತಮಾನದ ಪಂಪನು ವಿಕ್ರಮಾರ್ಜುನ ವಿಜಯದಲ್ಲಿ ಇದರ ದಾರುಣ ಫಲವನ್ನು ಚಿತ್ರಿಸಿದ್ದಾನೆ. ಕರ್ಣನ ಜನ್ಮರಹಸ್ಯವನ್ನು ದುರ್ಯೋಧನನು ಒಬ್ಬ ಋಷಿಯಿಂದ ಮೊದಲೇ ಅರಿತಿದ್ದನು, ಹೇಳಲಿಲ್ಲ. ಕರ್ಣನಿಗೆ ಅದು ತಿಳಿದುದು ಯುದ್ಧ ಸಮೀಪಿಸಿದಾಗ, ಕೃಷ್ಣನಿಂದ. ಆಗಲೂ ಅವನು ಒಡೆಯನನ್ನು ಬಿಡಲಿಲ್ಲ. ತನಗೆ ಎಲ್ಲವೂ ತಿಳಿದಿತ್ತೆಂದು ದುರ್ಯೋಧನನು ಪ್ರಲಾಪಿಸಿದ್ದು ಕರ್ಣನು ಮಡಿದ ಮೇಲೆ. ಅವರ ಸ್ನೇಹ ನಿಜವಾದುದೇ. ಆದರೆ ತನ್ನವರಾರೆಂದು ಅರಿತು ಪಕ್ಷವನ್ನು ಆರಿಸಿಕೊಳ್ಳುವ ಅವಕಾಶವನ್ನು ಮಿತ್ರನೇ ಬಹುಕಾಲ ತಡೆದಿದ್ದನು.

ಹಾಗೆಂದು ಕಂಡುದನ್ನೆಲ್ಲ ಆಡಬೇಕೆಂದಲ್ಲ. ಪರರ ಗುಟ್ಟನ್ನು ಬಯಲುಮಾಡುವುದನ್ನೂ ಅದೇ ಸೂತ್ರವು ಅತಿಚಾರವೆಂದೇ ಎಣಿಸಿದೆ. ಆದುದರಿಂದ ವಿಷಯವು ಯಾರ ಹಿತಕ್ಕೆ ಸೇರಿದುದೋ ಅವರಿಗೆ ಮಾತ್ರ, ಏಕಾಂತದಲ್ಲಿ, ನಾವು ಖಚಿತವಾಗಿ ಅರಿತಷ್ಟನ್ನೇ, ನೋಯಿಸದ ಮಾತಿನಲ್ಲಿ, ಕರಾರಿಗೆ ರುಜು ಬೀಳುವ ಮೊದಲೇ ಹೇಳಬೇಕು. ಅನಂತರದ ನಿರ್ಧಾರ ಅವನದು. ಅವನು ಮುನಿಸಿಕೊಂಡರೂ ನ್ಯಾಸವನ್ನು ಒಪ್ಪಿಸಿದ ನೆಮ್ಮದಿ ನಮಗಿರುತ್ತದೆ.