ತಂದೆ ವಿನೋದಕ್ಕೆ ಕೊಡಿಸಿದ ವ್ರತ

ಸಮ್ಯಗ್ದರ್ಶನದ ಎಂಟು ಅಂಗಗಳಲ್ಲಿ ಎರಡನೆಯದಾದ ನಿಃಕಾಂಕ್ಷಿತಕ್ಕೆ ಸಮಂತಭದ್ರಾಚಾರ್ಯರು ರತ್ನಕರಂಡಕ ಶ್ರಾವಕಾಚಾರದಲ್ಲಿ ಅನಂತಮತಿಯನ್ನು ಹೆಸರಿಸಿದ್ದಾರೆ. ಮುಳುಗುಂದದ ನಯಸೇನನು ಕ್ರಿ.ಶ. ೧೧೧೨ರಲ್ಲಿ ರಚಿಸಿದ ಧರ್ಮಾಮೃತದಲ್ಲಿಯೂ ಅವಳ ಕಥೆಯುಂಟು. ಮಗಳ ದೃಢತೆಯನ್ನು ಎಲ್ಲರೂ ಕೊಂಡಾಡುವರು. ತಂದೆಯ ತಪ್ಪನ್ನು ನೆನೆಯುವವರು ವಿರಳ.

ಚಂಪಾನಗರದ ಶ್ರೇಷ್ಠಿ ಪ್ರಿಯದತ್ತನು ಅಷ್ಟಾಹ್ನಿಕ ಪರ್ವದಲ್ಲಿ ಆಚಾರ್ಯರ ಸನ್ನಿಧಿಯಲ್ಲಿ ಎಂಟು ದಿನಗಳ ಬ್ರಹ್ಮಚರ್ಯವನ್ನು ಕೈಕೊಂಡನು. ಜೊತೆಗಿದ್ದ ಬಾಲೆಗೂ ವಿನೋದಕ್ಕೆಂದು ಅದೇ ವ್ರತವನ್ನು ಕೊಡಿಸಿದನು. ಮುಂದೆ ವಿವಾಹದ ಮಾತು ಬಂದಾಗ ಮಗಳು ಆ ವ್ರತವನ್ನು ನೆನಪಿಸಿದಳು. ಅದು ಆಟಕ್ಕೆಂದನು ತಂದೆ. ಧರ್ಮದಲ್ಲಿ ಆಟವುಂಟೇ ಎಂದಳು ಮಗಳು. ಎಂಟೇ ದಿನದ್ದೆಂದನು. ಆ ಅವಧಿಯನ್ನು ಗುರುಗಳು ತನಗೆ ಹೇಳಲಿಲ್ಲವೆಂದಳು. ಶ್ರೇಷ್ಠಿಯು ನಿರುತ್ತರನಾದನು.

ಬಳಿಕ ವಿದ್ಯಾಧರನೊಬ್ಬನು ಅವಳನ್ನು ಅಪಹರಿಸಿ ಅಡವಿಯಲ್ಲಿ ಬಿಟ್ಟನು. ಭಿಲ್ಲರಾಜ, ವರ್ತಕ, ವೇಶ್ಯೆ, ಅರಸ, ಹೀಗೆ ಕೈಯಿಂದ ಕೈಗೆ ಬಿದ್ದರೂ ಅವಳು ಭೋಗವನ್ನು ಬಯಸಲಿಲ್ಲ. ಕಡೆಗೆ ಅಯೋಧ್ಯೆಯಲ್ಲಿ ಆರ್ಯಿಕೆಯೊಬ್ಬರ ಆಶ್ರಯ ದೊರೆಯಿತು. ಮಗಳನ್ನು ಕಳೆದುಕೊಂಡ ದುಃಖದಿಂದ ಯಾತ್ರೆಗೆ ಹೊರಟ ಪ್ರಿಯದತ್ತನು ಆ ಊರಿನಲ್ಲಿ ಭಾವಮೈದುನನ ಮನೆಗೆ ಬಂದು, ಅಲ್ಲಿಯ ರಂಗವಲ್ಲಿಯನ್ನು ಕಂಡು ಕಣ್ಣೀರಿಟ್ಟನು. ಅದು ಮಗಳ ಕೈಯ ರಂಗವಲ್ಲಿ. ಭೇಟಿಯಾದ ಮಗಳು ಬೇಡಿದ್ದು ತವರನ್ನಲ್ಲ, ದೀಕ್ಷೆಗೆ ಅನುಮತಿಯನ್ನು. ಹಿಂದೆ ನಗುತ್ತ ಕೊಡಿಸಿದುದನ್ನು ತಂದೆ ಈಗ ಅರಿತು ಒಪ್ಪಬೇಕಾಯಿತು.

ಕಾಲಮಿತಿಯುಳ್ಳದ್ದು ನಿಯಮ, ಯಾವಜ್ಜೀವವಾದದ್ದು ಯಮ. ಈ ಭೇದವನ್ನು ರತ್ನಕರಂಡಕವೇ ಹೇಳಿದೆ. ಪ್ರಿಯದತ್ತನು ಅದನ್ನು ತನ್ನ ಮಟ್ಟಿಗೆ ಅರಿತಿದ್ದನು, ಮಗುವಿಗೆ ತಿಳಿಸಲಿಲ್ಲ. ಮಗುವಾದರೋ ತಂದೆಯ ಮಾತನ್ನು ತೂಗಿ ನೋಡುವುದಿಲ್ಲ, ನಂಬಿಬಿಡುತ್ತದೆ. ಆ ನಂಬುಗೆಯೇ ತಂದೆಯ ಕೈಯಲ್ಲಿರುವ ಅತಿ ದೊಡ್ಡ ಅಧಿಕಾರ. ಅದಕ್ಕೇ ಅತಿ ದೊಡ್ಡ ಅಪಾಯವೂ ಹೌದು.

೨೦೧೬ರಲ್ಲಿ ನೆರೆರಾಜ್ಯದ ಜೈನ ಬಾಲಿಕೆಯೊಬ್ಬಳು ದೀರ್ಘ ಉಪವಾಸದ ಬಳಿಕ ತೀರಿಕೊಂಡಾಗ ಸಮಾಜವೆಲ್ಲ ತಲ್ಲಣಿಸಿತು. ಷೋಡಶಕಾರಣ ಭಾವನೆಗಳಲ್ಲಿ ತಪಸ್ಸಿಗೂ ಶಕ್ತ್ಯನುಸಾರವೆಂಬ ಮಿತಿಯುಂಟು. ಚೋರನೂರಿನಂತಹ ಹಳ್ಳಿಯಾಗಲಿ, ಮಹಾನಗರವಾಗಲಿ, ಪರ್ವಕಾಲದಲ್ಲಿ ಮಗಳಿಂದ ಉಪವಾಸ ಮಾಡಿಸಿ ನೆಂಟರ ಮೆಚ್ಚುಗೆ ಪಡೆಯುವ ತಂದೆಯು ಪ್ರಿಯದತ್ತನನ್ನು ನೆನೆಯಲಿ. ಮಗುವಿನ ಶಕ್ತಿಯನ್ನು ನೋಡಲಿ, ವ್ರತದ ಅರ್ಥವನ್ನೂ ಅವಧಿಯನ್ನೂ ತಿಳಿಸಲಿ, ಬೇಡವೆನ್ನಲು ಅದಕ್ಕೆ ಅವಕಾಶ ಕೊಡಲಿ. ಮಗುವಿನ ವ್ರತವನ್ನು ಕಾಯುವ ಮೊದಲು ಮಗುವನ್ನು ಕಾಯುವುದು ಶ್ರಾವಕನ ಧರ್ಮ.